ಕೇಸು ವಜಾ ಆಯ್ತಾ? ಮೊದಲು ಆ ದಿನದ ಆರ್ಡರ್ ಶೀಟ್ ನೋಡಿ

ಮೈಸೂರಿನ ನನ್ನ ಆಫೀಸಿಗೆ ಒಬ್ಬ ಹೆಣ್ಣುಮಗಳು ಬಂದು, "ಸಾರ್, ನಾನು ಕೇಸು ಸೋತೋದೆ" ಅಂದರು. ವಿಚ್ಛೇದನಕ್ಕೆ ಅರ್ಜಿ ಹಾಕಿದ್ದವರು ಅವರೇ. ಆಮೇಲೆ ಮಂಡ್ಯದ ತವರಿಗೆ ಹೋಗಿದ್ದರು. ವಾಯಿದೆ ದಿನ ಮಗುವಿಗೆ ಜ್ವರ, ಬಸ್ ಹತ್ತಲಾಗಲಿಲ್ಲ. ಆಗಿನ ವಕೀಲರು ಫೋನ್ ಎತ್ತಲಿಲ್ಲ. ಕೋರ್ಟ್ ಹಾಲ್ ಬಾಗಿಲಲ್ಲಿ ಹೆಸರು ಕೂಗಿದ್ದಾರೆ, ಮಧ್ಯಾಹ್ನ ಇನ್ನೊಮ್ಮೆ ಕೂಗಿದ್ದಾರೆ. ಯಾರೂ ಇಲ್ಲ. ಅರ್ಜಿ ವಜಾ.

ಇದು ಸೋಲಲ್ಲ. ಯಾರದ್ದು ಸರಿ, ಯಾರದ್ದು ತಪ್ಪು ಅಂತ ಜಡ್ಜ್ ನೋಡೇ ಇಲ್ಲ. ಹಾಗಂತ ಸುಮ್ನೆ ಇನ್ನೊಂದು ಅರ್ಜಿ ಹಾಕಿದರಾಯ್ತು ಅಂದುಕೊಳ್ಳಬೇಡಿ. ಜಾಸ್ತಿ ಜನ ಎಡವೋದು ಅಲ್ಲೇ.

ಆ ದಿನದ ಆರ್ಡರ್ ಶೀಟಿನ, ಅಂದರೆ ಅವತ್ತು ಕೋರ್ಟಿನಲ್ಲಿ ಏನಾಯ್ತು ಅಂತ ಬರೆದಿಡೋ ಹಾಳೆಯ, ಸರ್ಟಿಫೈಡ್ ಕಾಪಿ ತೆಗೆಸಿ ಅಂದೆ. ಅದರಲ್ಲಿ ನಾನು ಹುಡುಕೋದು ಒಂದೇ ಸಾಲು: ಎದುರು ಪಕ್ಷದವರು ಅವತ್ತು ಬಂದಿದ್ದರಾ? ವಿಚ್ಛೇದನದಂಥ ಕೇಸುಗಳಿಗೆ ಫ್ಯಾಮಿಲಿ ಕೋರ್ಟಿನಲ್ಲೂ ಸಿವಿಲ್ ಪ್ರಕ್ರಿಯಾ ಸಂಹಿತೆಯೇ ನಡೆಯುತ್ತೆ. ಇಬ್ಬರೂ ಬರದಿದ್ದರೆ ಅದು ಆ ಸಂಹಿತೆಯ ಆರ್ಡರ್ 9, ರೂಲ್ 3. ಆಗ ಹೊಸ ಅರ್ಜಿ ಹಾಕಬಹುದು, ಹಳೆಯದನ್ನೇ ಮತ್ತೆ ತೆರೆಸಲೂಬಹುದು. ಎದುರಿನವರು ಬಂದಿದ್ದು ನೀವು ಮಾತ್ರ ಇಲ್ಲದಿದ್ದರೆ ಅದು ರೂಲ್ 8. ಆಗ ಅದೇ ಕಾರಣ ಇಟ್ಟುಕೊಂಡು ಹೊಸ ಕೇಸು ಹಾಕುವಂತಿಲ್ಲ. ರೂಲ್ 9ರಲ್ಲಿ ಹಳೇ ಕೇಸನ್ನೇ ಎಬ್ಬಿಸಬೇಕು. ಅದಕ್ಕೆ ಗಡುವು ವಜಾ ಆದ ದಿನದಿಂದ 30 ದಿನ. ದಾಟಿದರೆ ತಡ ಯಾಕಾಯ್ತು ಅಂತ ಬೇರೆ ಅರ್ಜಿ, ಬೇರೆ ಅಫಿಡವಿಟ್.

ಈಕೆಯ ಆರ್ಡರ್ ಶೀಟಿನಲ್ಲಿ ಗಂಡ ಹಾಜರು ಅಂತಿತ್ತು. ಆಗಲೇ 19 ದಿನ ಕಳೆದಿತ್ತು.

ಜೀವನಾಂಶದ ಲೆಕ್ಕ ಬೇರೆ. ಹಿಂದೆ ಸಿಆರ್‌ಪಿಸಿ (ಹಳೇ ದಂಡ ಪ್ರಕ್ರಿಯಾ ಸಂಹಿತೆ) ಸೆಕ್ಷನ್ 125 ಇದ್ದದ್ದು 2024ರ ಜುಲೈ 1ರಿಂದ ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) ಸೆಕ್ಷನ್ 144 ಆಗಿದೆ. ಅರ್ಜಿ ಹಾಕಿದ ದಿನದಿಂದಲೇ ಜೀವನಾಂಶ ಕೊಡಿಸಬೇಕು ಅಂತ 2020ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹಾಗಾಗಿ ಹಳೇ ಅರ್ಜಿ ಬಿಟ್ಟು ಹೊಸದು ಹಾಕಿದರೆ ಲೆಕ್ಕ ಹೊಸ ತಾರೀಖಿನಿಂದ ಶುರು. ನಡುವಿನ ತಿಂಗಳ ದುಡ್ಡು ಯಾರ ಕೈಯಿಂದ ಹೋಯ್ತು, ನೀವೇ ಹೇಳಿ.

"ವಕೀಲರಿದ್ದಾರಲ್ಲ, ನಾನ್ಯಾಕೆ ಬರಬೇಕು?" ಅಂತ ಕೇಳ್ತಾರೆ. 1984ರ ಫ್ಯಾಮಿಲಿ ಕೋರ್ಟ್ ಕಾಯ್ದೆಯ ಸೆಕ್ಷನ್ 13ರ ಪ್ರಕಾರ ವಕೀಲರನ್ನು ಇಟ್ಟುಕೊಳ್ಳೋದು ಇಲ್ಲಿ ಹಕ್ಕಲ್ಲ. ರಾಜಿಗೆ ಪ್ರಯತ್ನಿಸುವುದು ಕೋರ್ಟಿನ ಕೆಲಸ, ಅದಕ್ಕೆ ಗಂಡ ಹೆಂಡತಿ ಎದುರಿಗಿರಬೇಕು ಅಲ್ವಾ? ಬರಲಾಗದಿದ್ದರೆ ಹಿಂದಿನ ದಿನವೇ ವಕೀಲರಿಗೆ ತಿಳಿಸಿ, ಕಾರಣದ ಚೀಟಿ ಕಳಿಸಿ. ವಾಯಿದೆ ಯಾವಾಗ ಅನ್ನೋದನ್ನು ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಸಿಎನ್‌ಆರ್ ನಂಬರ್ (ಪ್ರತಿ ಕೇಸಿಗೂ ಕೋರ್ಟ್ ಕೊಡೋ ಪ್ರತ್ಯೇಕ ಸಂಖ್ಯೆ) ಹಾಕಿ ನೀವೇ ನೋಡಿಕೊಳ್ಳಿ. ವಕೀಲರನ್ನೇ ಪೂರ್ತಿ ನಂಬಬೇಡಿ, ವಕೀಲನಾಗಿಯೇ ಹೇಳ್ತಿದ್ದೀನಿ.

ಮಗುವಿನ ಡಾಕ್ಟರ್ ಚೀಟಿ ಆಕೆಯ ಪರ್ಸಿನಲ್ಲೇ ಇತ್ತು. ನಾಲ್ಕು ಮಡಿಕೆ, ಮೂಲೆ ಹರಿದಿತ್ತು, ತಾರೀಖು ಮಾತ್ರ ಚೆನ್ನಾಗಿ ಕಾಣ್ತಿತ್ತು. ಅದನ್ನು ಅಫಿಡವಿಟ್ ಜೊತೆ ಲಗತ್ತಿಸಿ 24ನೇ ದಿನ ಅರ್ಜಿ ಹಾಕಿದೆವು. ಗಂಡನಿಗೆ ನೋಟಿಸ್ ಹೋಯ್ತು, ಅವನು ತಕರಾರು ಹಾಕಿದ. 500 ರೂಪಾಯಿ ವೆಚ್ಚ ಕಟ್ಟಬೇಕು ಅಂತ ಹೇಳಿ ಜಡ್ಜ್ ಕೇಸನ್ನು ಮತ್ತೆ ತೆಗೆದುಕೊಂಡರು. ಮುಂದಿನ ವಾಯಿದೆಗೆ ಆಕೆ ಒಂಬತ್ತೂವರೆಗೇ ಬಂದು ಕೋರ್ಟ್ ಹಾಲ್ ಮುಂದಿನ ಬೆಂಚಿನಲ್ಲಿ ಕೂತಿದ್ದರು, ಮಗುವಿನ ಸಮೇತ.