ಬೀಳುವವನಿಗಿಂತ ಮೊದಲು ನೆಲ ಕಾಣಬೇಕು

ಮೂಕಿ ಕಿರುಚಿತ್ರದ ಸ್ಲ್ಯಾಪ್‌ಸ್ಟಿಕ್ (ಜಾರಿ, ಬಿದ್ದು, ಪೆಟ್ಟು ತಿಂದು ನಗಿಸುವ ಹಾಸ್ಯ) ಮಾದರಿಯಲ್ಲಿ ಚಿತ್ರ ಮಾಡಹೊರಟವರು ಸಾಮಾನ್ಯವಾಗಿ ಎಡವುವುದು ಕ್ಲೋಸ್‌ಅಪ್‌ನಲ್ಲಿ. ಜಾರಿದ ಕಾಲು ಒಂದು ಶಾಟ್, ನೋವಿನ ಮುಖ ಇನ್ನೊಂದು. ಅಲ್ಲಿಗೆ ನಗು ಮುಗಿಯಿತು. ಜಾರಿದ್ದು, ತೂರಾಡಿದ್ದು, ಬಿದ್ದದ್ದು ಮೂರೂ ಒಂದೇ ಶಾಟ್‌ನಲ್ಲಿ ಬರಬೇಕು. ಕ್ಯಾಮೆರಾ ಸೊಂಟದೆತ್ತರದಲ್ಲಿ, ಅಲುಗದೆ ನಿಂತಿರಲಿ. ಪಾದದ ಕೆಳಗೆ ಒಂದಿಷ್ಟು ನೆಲ, ಬೀಳುವ ದಿಕ್ಕಿನಲ್ಲಿ ಒಂದಾಳು ಮಲಗುವಷ್ಟು ಖಾಲಿ ಜಾಗ ಬೇಕು. ಮೊಬೈಲನ್ನು ನೆಟ್ಟಗೆ ಹಿಡಿದರೆ ಈ ಜಾಗವೇ ಮಾಯ.

ಕ್ಯಾಮೆರಾ ಇಡುವ ಜಾಗವೇ ಹಾಸ್ಯವಾಗುವುದನ್ನು ನೋಡಬೇಕಾದರೆ ಅಮೆರಿಕದ ಮೂಕಿ ಚಿತ್ರಗಳ ಹಾಸ್ಯನಟ, ನಿರ್ದೇಶಕ ಬಸ್ಟರ್ ಕೀಟನ್‌ನ ‘ಒನ್ ವೀಕ್’ (1920) ಇದೆ. ಎರಡು ರೀಲಿನ, ಅಂದರೆ ಸುಮಾರು ಇಪ್ಪತ್ತು ನಿಮಿಷದ ಚಿತ್ರ. ಸಾಗಿಸುತ್ತಿದ್ದ ಮನೆ ರೈಲು ಹಳಿಯ ಮೇಲೆ ಸಿಕ್ಕಿಕೊಂಡಿದೆ, ರೈಲು ಬರುತ್ತಿದೆ. ಗಂಡ ಹೆಂಡತಿ ಆಸೆ ಬಿಡುತ್ತಾರೆ. ರೈಲು ಪಕ್ಕದ ಹಳಿಯಲ್ಲಿ ಹಾದುಹೋಗುತ್ತದೆ! ಅವರು ನೆಮ್ಮದಿಯ ಉಸಿರು ಬಿಡುವಷ್ಟರಲ್ಲಿ ಎದುರು ದಿಕ್ಕಿನಿಂದ ಇನ್ನೊಂದು ರೈಲು ಬಂದು ಮನೆಯನ್ನು ನುಚ್ಚುನೂರು ಮಾಡುತ್ತದೆ. ಎರಡು ಹಳಿಗಳು ಬೇರೆ ಎಂದು ಗೊತ್ತಾಗದ ಕೋನದಿಂದ ತೆಗೆದ ಶಾಟ್ ಅದು. ಕ್ಯಾಮೆರಾ ಇನ್ನಷ್ಟು ಮೇಲಿದ್ದಿದ್ದರೆ ಪಕ್ಕದ ಹಳಿ ಮೊದಲೇ ಕಾಣುತ್ತಿತ್ತು; ಮೊದಲನೆಯ ಮೋಸವಿಲ್ಲದೆ ಎರಡನೆಯ ಹೊಡೆತಕ್ಕೆ ಬಲವಿಲ್ಲ.

ಇನ್ನು ವೇಗ. ಆಗಿನ ಕ್ಯಾಮೆರಾಗಳು ಕೈಯಲ್ಲಿ ತಿರುಗಿಸುವಂಥವು. ನಿಧಾನ ತಿರುಗಿಸಿದರೆ ಪರದೆಯ ಮೇಲೆ ಓಟ ಚುರುಕಾಗುತ್ತಿತ್ತು. ಈ ಉಪಾಯ ಓಟಕ್ಕೆ ಒಪ್ಪುತ್ತದೆ, ಬೀಳುವುದಕ್ಕೆ ಅಷ್ಟಾಗಿ ಒಪ್ಪುವುದಿಲ್ಲ. ಒಂದೂಕಾಲು ಮೀಟರ್ ಎತ್ತರದಿಂದ ಬೀಳಲು ಅರ್ಧ ಸೆಕೆಂಡ್ ಬೇಕು. ಸೆಕೆಂಡಿಗೆ 16 ಫ್ರೇಮ್‌ನಂತೆ ತೆಗೆದರೆ 8 ಫ್ರೇಮ್. 24ರ ವೇಗದಲ್ಲಿ ತೋರಿಸಿದರೆ ಸೆಕೆಂಡಿನ ಮೂರನೇ ಒಂದು ಭಾಗದಲ್ಲಿ ಮುಗಿದುಹೋಗುತ್ತದೆ. ಮೈಗೆ ತೂಕವೇ ಇಲ್ಲದೆ ಹತ್ತಿಯ ಗೊಂಬೆ ಬಿದ್ದಂತೆ ಕಾಣುತ್ತದೆ. ಎಡಿಟಿಂಗ್‌ನಲ್ಲಿ ಓಟವನ್ನು 1.2 ಪಟ್ಟು ವೇಗ ಮಾಡಿ, ಬೀಳುವುದನ್ನು ಇದ್ದಂತೆಯೇ ಬಿಡುವುದು ನನ್ನ ಮಟ್ಟಿಗೆ ಸರಿಯಾದ ಹದ.

ಹಿಂದಕ್ಕೆ ಬೀಳುವವನು ಮೊದಲು ಮಂಡಿ ಮಡಿಸಿ ಎತ್ತರ ಕಡಿಮೆ ಮಾಡಿಕೊಳ್ಳಬೇಕು. ಗದ್ದ ಎದೆಗೆ, ಉಸಿರು ಹೊರಗೆ. ಭಾರ ಒಂದು ಪಕ್ಕದ ಪೃಷ್ಠದ ಮಾಂಸದ ಮೇಲೆ ಬಿದ್ದು ಬೆನ್ನಿಗೆ ಉರುಳಬೇಕು, ಬಾಲದ ಮೂಳೆಯ ಮೇಲಲ್ಲ. ಕೈಯನ್ನು ಹಿಂದಕ್ಕೆ ಊರಿದರೆ ಮಣಿಕಟ್ಟು ಮುರಿಯಬಹುದು. ಅಭ್ಯಾಸ ದಪ್ಪ ಮ್ಯಾಟ್ ಮೇಲೆ, ಕಲಿಸುವವರ ಎದುರಿಗೇ ಆಗಲಿ.

ಇಷ್ಟೆಲ್ಲ ಸರಿಯಿದ್ದೂ ನಗು ಬರದಿದ್ದರೆ ನಟನ ಕಣ್ಣು ಗಮನಿಸಿ. ಜಾರುವ ಜಾಗವನ್ನು ಒಮ್ಮೆ ನೋಡಿದನೋ, ಪ್ರೇಕ್ಷಕನಿಗೆ ಸುಳಿವು ಸಿಕ್ಕಿಬಿಡುತ್ತದೆ. ಬೀಳುವುದು ಗೊತ್ತೇ ಇಲ್ಲದಂತೆ ನಡೆ ಎಂದು ಹೇಳಿ ಫಲವಿಲ್ಲ. ಕೈಗೆ ತುಂಬಿದ ಕಾಫಿ ಲೋಟಗಳ ಟ್ರೇ ಕೊಡಿ. ಕಣ್ಣು ತಾನಾಗಿ ಅಲ್ಲಿ ನಿಲ್ಲುತ್ತದೆ. ಲೋಟ ಮಾತ್ರ ಪ್ಲಾಸ್ಟಿಕ್‌ನದಾಗಿರಲಿ, ಕಾಫಿ ತಣ್ಣಗಿರಲಿ.