ಆದಾಮನಿಗೆ ಸಿಕ್ಕ ನೋಟಿಸ್, ಬೆಂಟ್ಲಿಗೆ ಸಿಗದ ನೋಟಿಸ್

ಸೇವಾ ಪ್ರಕರಣಗಳನ್ನು ನಡೆಸುವ ವಕೀಲರಿಗೆ ಒಂದು ಮಾತು ಬಾಯಿಪಾಠ: ದೇವರು ಕೂಡ ಬೈಬಲಿನ ಮೊದಲ ಮನುಷ್ಯ ಆದಾಮನ ಸಮಜಾಯಿಷಿ ಕೇಳದೆ ಅವನಿಗೆ ಶಿಕ್ಷೆ ವಿಧಿಸಲಿಲ್ಲ. ವಿಚಾರಣೆಯಿಲ್ಲದೆ ನೌಕರನನ್ನು ವಜಾ ಮಾಡಿದ ಕಡತ ಕೈಗೆ ಬಂದಾಗಲೆಲ್ಲ ಇದು ವಾದಕ್ಕೆ ಒದಗುತ್ತದೆ. ಇದು ಬಂದದ್ದು ಡಾಕ್ಟರ್ ಬೆಂಟ್ಲಿಯ ಪ್ರಕರಣದಿಂದ ಎಂದರೆ ನಮ್ಮ ಕಿರಿಯರಲ್ಲಿ ಕೆಲವರು ಯಾರೋ ವೈದ್ಯನಿರಬೇಕು ಎಂದುಕೊಳ್ಳುತ್ತಾರೆ.

1662ರಲ್ಲಿ ಯಾರ್ಕ್‌ಷೈರಿನಲ್ಲಿ ಹುಟ್ಟಿದ ರಿಚರ್ಡ್ ಬೆಂಟ್ಲಿ ಗ್ರೀಕ್, ಲ್ಯಾಟಿನ್ ವಿದ್ವಾಂಸ. ಹೋಮರನ ಛಂದಸ್ಸು ಕೆಲವೆಡೆ ಎಡವುವುದಕ್ಕೆ ಗ್ರೀಕಿನಿಂದ ಅಳಿದುಹೋದ ಒಂದು ವ್ಯಂಜನ ಕಾರಣವೆಂದು ಕಂಡುಕೊಂಡವನು. ಆದರೆ ವಕೀಲನಾದ ನನಗೆ ರುಚಿಸುವುದು ಅವನು ಫಾಲಾರಿಸನ ಪತ್ರಗಳನ್ನು ಪಾಟೀಸವಾಲಿಗೆ ಒಡ್ಡಿದ ರೀತಿ. ಸಿಸಿಲಿಯ ಈ ಕ್ರೂರ ದೊರೆ ಕ್ರಿಸ್ತಪೂರ್ವ ಆರನೆಯ ಶತಮಾನದವನು. ಅವನದೆನ್ನಲಾದ ಪತ್ರಗಳನ್ನು ಚಾರ್ಲ್ಸ್ ಬಾಯ್ಲ್ 1695ರಲ್ಲಿ ಪ್ರಕಟಿಸಿದ್ದ, ದೊಡ್ಡವರು ಹೊಗಳಿದ್ದರು. ಬೆಂಟ್ಲಿ 1697ರಲ್ಲಿ, ಮತ್ತೆ 1699ರಲ್ಲಿ ವಿಸ್ತಾರವಾಗಿ, ಅವು ಖೋಟಾ ಎಂದು ಸಾಬೀತುಪಡಿಸಿದ. ದೊರೆ ಸತ್ತು ಎಷ್ಟೋ ಕಾಲದ ಮೇಲೆ ಕಟ್ಟಿದ ಊರುಗಳ ಹೆಸರು ಪತ್ರದಲ್ಲಿ ಹೇಗೆ ಬಂತು? ಡೋರಿಕ್ ನುಡಿಯ ಸಿಸಿಲಿಯವನು ಅಥೆನ್ಸಿನ ಗ್ರೀಕಿನಲ್ಲಿ ಏಕೆ ಬರೆದ? ದಾಖಲೆಯ ಬಾಯಿಯಿಂದಲೇ ದಾಖಲೆಯ ಸುಳ್ಳನ್ನು ಹೊರಡಿಸಿದ ಈ ಕೆಲಸವನ್ನು ಖೋಟಾ ಪತ್ರಗಳ ಮೊಕದ್ದಮೆ ನಡೆಸುವವರು ಇಂದಿಗೂ ಓದಬೇಕು.

ಅದೇ ಬುದ್ಧಿ ಅಹಂಕಾರಕ್ಕೂ ತಿರುಗಿತು. ರೋಮನ್ ಕವಿ ಹೊರೇಸನ 1711ರ ಆವೃತ್ತಿಯಲ್ಲಿ ಏಳುನೂರಕ್ಕೂ ಹೆಚ್ಚು ಕಡೆ ಪಾಠ ತಿದ್ದಿದ. ನೂರು ಹಸ್ತಪ್ರತಿಗಳಿಗಿಂತ ತರ್ಕ ಮೇಲು ಎಂದ. 1732ರಲ್ಲಿ ‘ಪ್ಯಾರಡೈಸ್ ಲಾಸ್ಟ್’ ಬರೆದ ಇಂಗ್ಲಿಷ್ ಕವಿ ಮಿಲ್ಟನ್ ಸರದಿ. ಕುರುಡ ಕವಿ ಹೇಳಿದ್ದನ್ನು ಬರೆದುಕೊಂಡವರೂ ಅಚ್ಚಿಗೆ ಕೊಟ್ಟವರೂ ಕೆಡಿಸಿದ್ದಾರೆಂದು ಮಹಾಕಾವ್ಯವನ್ನೇ ತಿದ್ದಲು ಕುಳಿತ. ಆದಾಮ ಮತ್ತು ಈವ್ ಏದನ್ ತೋಟದಿಂದ ತಡವರಿಸುತ್ತ ಹೊರಡುವ ಕೊನೆಯ ಸಾಲುಗಳನ್ನೂ ಬಿಡದೆ, ಅವರಿಗೆ ಸಮಾಧಾನದ ನಡಿಗೆಯನ್ನು ದಯಪಾಲಿಸಿದ. ಮಿಲ್ಟನ್ 1674ರಲ್ಲೇ ತೀರಿಕೊಂಡಿದ್ದರಿಂದ ಆಕ್ಷೇಪಣೆ ಸಲ್ಲಿಸುವ ಸ್ಥಿತಿಯಲ್ಲಿರಲಿಲ್ಲ.

1700ರಲ್ಲಿ ಕೇಂಬ್ರಿಜ್‌ನ ಟ್ರಿನಿಟಿ ಕಾಲೇಜಿನ ಮುಖ್ಯಸ್ಥನಾದ ಮೇಲೆ ಅವನಿಗೂ ಅಲ್ಲಿನ ಸದಸ್ಯರಿಗೂ ಮುಗಿಯದ ಜಗಳ. ನಮಗೆ ಬೇಕಾದ ಪ್ರಕರಣ ಮಾತ್ರ ನಾಲ್ಕು ಗಿನಿಯದು (ಗಿನಿ ಎಂದರೆ ಆಗಿನ ಇಂಗ್ಲೆಂಡಿನ ಚಿನ್ನದ ನಾಣ್ಯ). 1717ರಲ್ಲಿ ದೊರೆ ಒಂದನೆಯ ಜಾರ್ಜ್ ಕೇಂಬ್ರಿಜ್‌ಗೆ ಬಂದಾಗ ದೇವತಾಶಾಸ್ತ್ರದ ಡಾಕ್ಟರೇಟ್ ಪಡೆದವರಿಂದ ಪ್ರಾಧ್ಯಾಪಕ ಬೆಂಟ್ಲಿ ತಲಾ ನಾಲ್ಕು ಗಿನಿ ಹೆಚ್ಚುವರಿ ಶುಲ್ಕ ಕೇಳಿದ. ಕಾನಿಯರ್ಸ್ ಮಿಡಲ್ಟನ್ ಕೊಟ್ಟ, ಆಮೇಲೆ ವಸೂಲಿಗೆ ವಿಶ್ವವಿದ್ಯಾಲಯದ ನ್ಯಾಯಾಲಯದಲ್ಲಿ ದಾವೆ ಹೂಡಿದ. ಆದೇಶಪತ್ರ ತಂದವನ ಮುಂದೆ ಬೆಂಟ್ಲಿ ಉಪಕುಲಪತಿಯನ್ನು ಹೀಗಳೆದನೆಂದು ದೂರಾಯಿತು. 1718ರ ಅಕ್ಟೋಬರಿನಲ್ಲಿ, ಅವನ ಮಾತು ಕೇಳದೆಯೇ, ವಿಶ್ವವಿದ್ಯಾಲಯ ಅವನ ಎಲ್ಲ ವಿದ್ಯಾ ಪದವಿಗಳನ್ನೂ ಕಿತ್ತುಕೊಂಡಿತು.

ಅವನು ಇಂಗ್ಲೆಂಡಿನ ಉನ್ನತ ನ್ಯಾಯಾಲಯವಾದ ಕಿಂಗ್ಸ್ ಬೆಂಚ್‌ಗೆ ಹೋದ. ಆದಾಮನ ಮಾತು ಬಂದದ್ದು ಅಲ್ಲಿ, ನ್ಯಾಯಮೂರ್ತಿ ಫೋರ್ಟೆಸ್ಕ್ಯೂ ಅವರಿಂದ. ಎಲ್ಲಿರುವೆ, ತಿನ್ನಬೇಡವೆಂದ ಮರದ ಹಣ್ಣು ತಿಂದೆಯಾ ಎಂದು ದೇವರು ಕೇಳಿದ. ಎಲ್ಲ ಬಲ್ಲವನಿಗೆ ಕೇಳುವ ಅಗತ್ಯವೇ ಇರಲಿಲ್ಲ, ಆದರೂ ಕೇಳಿದ. ಕರ್ತವ್ಯ ಪಾಲಿಸುವಂತೆ ಆಜ್ಞಾಪಿಸುವ ಪರಮಾದೇಶವನ್ನು ನ್ಯಾಯಾಲಯ ಹೊರಡಿಸಿ, 1724ರಲ್ಲಿ ಪದವಿಗಳು ಮರಳಿದವು. ಬೆಂಟ್ಲಿಯ ನಡತೆ ಸರಿಯಿತ್ತೆಂದು ನ್ಯಾಯಾಲಯ ಹೇಳಲಿಲ್ಲ ಎಂಬುದನ್ನು ಗಮನಿಸಬೇಕು. ಕಕ್ಷಿದಾರರಿಗೆ ನಾನು ಮೊದಲು ವಿವರಿಸುವುದೇ ಇದನ್ನು: ಆದೇಶ ರದ್ದಾದರೆ ನೀವು ನಿರ್ದೋಷಿ ಎಂದಲ್ಲ, ಇಲಾಖೆ ಮತ್ತೆ ಕ್ರಮಬದ್ಧವಾಗಿ ವಿಚಾರಣೆ ನಡೆಸಬಹುದು.

ನಮ್ಮ ಸಂವಿಧಾನದ 311ನೇ ವಿಧಿ ವಿಚಾರಣೆಯಿಲ್ಲದ ವಜಾದಿಂದ ಸರ್ಕಾರಿ ನೌಕರನಿಗೆ ಕೊಡುವ ರಕ್ಷಣೆಯ ಹಿಂದಿರುವುದೂ ಇದೇ ತತ್ತ್ವ. 1977ರ ಡಿಸೆಂಬರಿನಲ್ಲಿ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದ ತೀರ್ಪು ಬರೆದಾಗ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರು ಆದಾಮನ ಪಕ್ಕದಲ್ಲಿ ಕೌಟಿಲ್ಯನನ್ನೂ ಕೂರಿಸಿದರು. ಇಂಥ ತತ್ತ್ವಗಳು ಸಜ್ಜನರ ಪ್ರಕರಣಗಳಿಂದ ಹುಟ್ಟುವುದು ಅಪರೂಪ. ಸಜ್ಜನರನ್ನು ಯಾರೂ ಅಷ್ಟು ಅವಸರದಲ್ಲಿ ಹೊರಹಾಕುವುದಿಲ್ಲ.

ಬೆಂಟ್ಲಿಯ ವಿರುದ್ಧ ಕ್ರಮಬದ್ಧ ವಿಚಾರಣೆಯೂ ಆಮೇಲೆ ನಡೆಯಿತು. 1734ರಲ್ಲಿ ಈಲಿಯ ಬಿಷಪ್ ಅವನನ್ನು ಮುಖ್ಯಸ್ಥನ ಹುದ್ದೆಯಿಂದ ತೆಗೆಯಬೇಕೆಂದು ತೀರ್ಪಿತ್ತ. ಆದರೆ ಕಾಲೇಜಿನ ನಿಯಮದಂತೆ ಅದನ್ನು ಜಾರಿಮಾಡಬೇಕಾದವನು ಉಪಮುಖ್ಯಸ್ಥ. ಆ ಜಾಗದಲ್ಲಿದ್ದ ರಿಚರ್ಡ್ ವಾಕರ್ ಬೆಂಟ್ಲಿಯ ಸ್ನೇಹಿತ. ಜಾರಿಮಾಡಲು ಒಪ್ಪಲೇ ಇಲ್ಲ. 1742ರಲ್ಲಿ ಸಾಯುವವರೆಗೂ ಬೆಂಟ್ಲಿ ಟ್ರಿನಿಟಿಯ ಮುಖ್ಯಸ್ಥನಾಗಿಯೇ ಉಳಿದ.