ಜಿನೋವಾದ ಲಾಂತೆರ್ನಾ: ಎತ್ತರ ಮೊದಲು ಬಂತು, ಬೆಳಕು ಆಮೇಲೆ

ಇಟಲಿಯ ಜಿನೋವಾದಲ್ಲಿ ಹಳೇ ಬಂದರಿನ ಪಶ್ಚಿಮಕ್ಕೆ ಒಂದು ಬಂಡೆ. ಅದರ ಮೇಲೆ ಸುಮಾರು 77 ಮೀಟರ್ ಎತ್ತರದ ಕಲ್ಲಿನ ಲೈಟ್‌ಹೌಸ್. ಊರಿನವರ ಬಾಯಲ್ಲಿ ಅದು ‘ಲಾಂತೆರ್ನಾ’. ಬಂಡೆಯನ್ನೂ ಸೇರಿಸಿದರೆ ದೀಪ ಸಮುದ್ರಮಟ್ಟದಿಂದ 117 ಮೀಟರ್ ಮೇಲಿದೆ.

ಇಷ್ಟು ಎತ್ತರ ಯಾಕೆ? ದೀಪ ಜೋರಾಗಿ ಉರಿದರೆ ಸಾಕಲ್ವಾ? ಸಾಲದು. ಭೂಮಿ ದುಂಡಗಿರುವುದರಿಂದ ದೂರದ ಹಡಗಿಗೂ ದೀಪಕ್ಕೂ ನಡುವೆ ಸಮುದ್ರವೇ ಅಡ್ಡ ನಿಲ್ಲುತ್ತದೆ. ದೀಪ ಎಷ್ಟು ಮೀಟರ್ ಎತ್ತರದಲ್ಲಿದೆಯೋ ಅದರ ವರ್ಗಮೂಲವನ್ನು 3.57ರಿಂದ ಗುಣಿಸಿದರೆ, ಅಲ್ಲಿಂದ ದಿಗಂತ ಎಷ್ಟು ಕಿಲೋಮೀಟರ್ ದೂರ ಅಂತ ಗೊತ್ತಾಗುತ್ತದೆ. 117 ಮೀಟರಿಗೆ ಸುಮಾರು 39 ಕಿ.ಮೀ. ನೋಡುವವನು ಹಡಗಿನಲ್ಲಿ ನೀರಿಗಿಂತ 10 ಮೀಟರ್ ಮೇಲಿದ್ದರೆ ಇನ್ನೊಂದು 11 ಸೇರಿಸಿ. ಒಟ್ಟು 50 ಕಿ.ಮೀ. ಆದರೆ ವರ್ಗಮೂಲ ಜಿಪುಣ. ಎತ್ತರವನ್ನು ನಾಲ್ಕು ಪಟ್ಟು ಮಾಡಿದರೂ ದೂರ ಹೆಚ್ಚುವುದು ಎರಡೇ ಪಟ್ಟು. ಹಾಗಾಗಿ ಪುಕ್ಕಟೆ ಸಿಕ್ಕ ಆ 40 ಮೀಟರ್ ಬಂಡೆ ದೊಡ್ಡ ಲಾಭವೇ.

ಇಲ್ಲಿ ಮೊದಲ ಗೋಪುರ ಎದ್ದದ್ದು 1128ರ ಸುಮಾರಿಗೆ. ಆಗ ಮೇಲೆ ಉರಿಸುತ್ತಿದ್ದದ್ದು ಒಣಗಿದ ಕುರುಚಲು ಗಿಡಗಳನ್ನು. 1326ರಲ್ಲಿ ಆಲಿವ್ ಎಣ್ಣೆಯ ದೀಪ ಬಂತು. ಹಗಲಲ್ಲೂ ಗುರುತು ಸಿಗಲಿ ಅಂತ 1340ರಲ್ಲಿ ಗೋಪುರದ ಮೇಲೆ ನಗರದ ಲಾಂಛನ ಬಿಡಿಸಿದರು. 1449ರಲ್ಲಿ ದೀಪ ಕಾಯುತ್ತಿದ್ದವನ ಹೆಸರು ಆಂತೋನಿಯೊ ಕೊಲಂಬೊ. ಅಮೆರಿಕ ತಲುಪಿದ ಕೊಲಂಬಸ್‌ನ ಚಿಕ್ಕಪ್ಪನೇ ಇವನು ಎನ್ನುತ್ತಾರೆ.

16ನೇ ಶತಮಾನದ ಆರಂಭದಲ್ಲಿ ಜಿನೋವಾ ಫ್ರಾನ್ಸ್ ರಾಜನ ಕೈ ಸೇರಿತ್ತು. ಅವನು ಗೋಪುರದ ಬುಡದಲ್ಲೇ ಕೋಟೆ ಕಟ್ಟಿಸಿದ. ಅಲ್ಲಿ ಬೀಡುಬಿಟ್ಟ ಫ್ರೆಂಚರನ್ನು ಓಡಿಸಲು ಊರಿನವರೇ ಫಿರಂಗಿ ಹಾರಿಸಿದರು. ಗುಂಡುಗಳು ತಮ್ಮದೇ ಲೈಟ್‌ಹೌಸಿಗೆ ಬಿದ್ದು ಮೇಲ್ಭಾಗ ಹಾಳಾಯಿತು. ಮತ್ತೆ ಸರಿಯಾಗಿ ಕಟ್ಟಿದ್ದು 1543ರಲ್ಲಿ. ಈಗ ನಾವು ನೋಡುವ ರೂಪ ಅದೇ: ಒಂದರ ಮೇಲೊಂದು ಎರಡು ಚೌಕ ಗೋಪುರ, ಮೇಲಿನದು ಸ್ವಲ್ಪ ಸಪೂರ, ಎರಡರ ತಲೆಯ ಮೇಲೂ ಸುತ್ತು ಜಗಲಿ. ಅಲೆ ಹೊಡೆಯುವ ಜಾಗದಲ್ಲಿ ನೀರು ಜಾರಿ ಹೋಗಲಿ ಅಂತ ಲೈಟ್‌ಹೌಸನ್ನು ಗುಂಡಗೆ ಕಟ್ಟುತ್ತಾರೆ. ಇದು ಬಂಡೆಯ ಮೇಲೆ ಕೂತಿದೆ, ಅಲೆಯ ಭಯವಿಲ್ಲ. ಸಿಡಿಲಿನ ಕಾಟ ಮಾತ್ರ ತಪ್ಪಲಿಲ್ಲ. ಅದಕ್ಕೆ ಮಿಂಚುಬಂಧಕ ಬಂದದ್ದು 1778ರಲ್ಲಿ.

ಅಂದರೆ 50 ಕಿ.ಮೀ. ಕಾಣಿಸಬಲ್ಲ ಎತ್ತರ 1543ರಲ್ಲೇ ಸಿದ್ಧವಿತ್ತು. ಅಷ್ಟು ದೂರ ಹೋಗುವ ಬೆಳಕೇ ಇರಲಿಲ್ಲ! ಎಣ್ಣೆ ದೀಪದ ಬೆಳಕು ಆಕಾಶಕ್ಕೂ ಹೋಗುತ್ತದೆ, ಬೆನ್ನ ಹಿಂದಿನ ಬೆಟ್ಟಕ್ಕೂ ಹೋಗುತ್ತದೆ. ಹಡಗಿನತ್ತ ಹೋಗುವುದು ಚೂರೇ ಚೂರು. ದಪ್ಪ ಮಸೂರ ಇಟ್ಟು ಬೆಳಕನ್ನು ಒಂದೇ ಕಡೆ ತಿರುಗಿಸಬಹುದು ನಿಜ. ಆದರೆ ಅಷ್ಟು ದೊಡ್ಡ ಗಾಜು ವಿಪರೀತ ಭಾರ, ಒಳಗೇ ಬೆಳಕು ನುಂಗಿಕೊಳ್ಳುತ್ತದೆ ಬೇರೆ.

ಫ್ರಾನ್ಸಿನ ಭೌತವಿಜ್ಞಾನಿ ಆಗಸ್ಟಿನ್ ಫ್ರೆನೆಲ್ ಗಮನಿಸಿದ್ದು ಇಷ್ಟೇ: ಬೆಳಕು ಬಾಗುವುದು ಗಾಜಿನ ಮೇಲ್ಮೈಯಲ್ಲಿ, ಹೊಟ್ಟೆಯೊಳಗಲ್ಲ. ಹಾಗಾದರೆ ಹೊಟ್ಟೆಯ ಗಾಜು ಸುಮ್ನೆ ಯಾಕೆ? ಮೇಲ್ಮೈಯ ಓರೆಯನ್ನು ಮಾತ್ರ ಉಳಿಸಿ, ಒಂದರೊಳಗೊಂದು ಬಳೆ ಜೋಡಿಸಿದಂತೆ ಗಾಜಿನ ಉಂಗುರಗಳನ್ನು ಕೂರಿಸಿದ. ತೆಳ್ಳಗಿದ್ದರೂ ದಪ್ಪ ಮಸೂರದ ಕೆಲಸ ಮಾಡಿತು. 1823ರಲ್ಲಿ ಫ್ರಾನ್ಸಿನ ಕೊರ್ದುವಾನ್ ಲೈಟ್‌ಹೌಸಿನಲ್ಲಿ ಇದು ಬೆಳಗಿತು. ನಾಲ್ಕೇ ವರ್ಷದಲ್ಲಿ ಫ್ರೆನೆಲ್ ತೀರಿಕೊಂಡ, ವಯಸ್ಸಿನ್ನೂ 39.

ಲಾಂತೆರ್ನಾಗೆ ಅವನ ಮಸೂರ ಬಂದದ್ದು 1841ರಲ್ಲಿ, ಅದೂ ತಿರುಗುವಂಥದ್ದು. ಮಸೂರ ತಿರುಗಿದರೆ ದೂರದಿಂದ ನೋಡುವವರಿಗೆ ದೀಪ ಮಿನುಗಿದಂತೆ ಕಾಣುತ್ತದೆ. ಇಂದು ಅಲ್ಲಿ 20 ಸೆಕೆಂಡಿಗೆ ಎರಡು ಬಿಳಿ ಮಿಂಚು. ನಕ್ಷೆಯಲ್ಲಿ ಆ ತಾಳ ನೋಡಿದ ನಾವಿಕನಿಗೆ ಇದು ಜಿನೋವಾ, ಬೇರೆ ಊರಲ್ಲ ಅಂತ ತಿಳಿಯುತ್ತದೆ.

1936ರಲ್ಲಿ ವಿದ್ಯುತ್ ಬಂತು. ಬೆಳಕಿಗೆ ಇನ್ನು ಬರವಿಲ್ಲ. ಈಗ ಎಷ್ಟೇ ಪ್ರಖರ ಬಲ್ಬ್ ಹಾಕಿದರೂ ದಿಗಂತದಾಚೆಯ ಹಡಗಿಗೆ ಕಂಡೀತೆಂದರೆ ಆಕಾಶದಲ್ಲಿ ಒಂದಿಷ್ಟು ಮಸುಕು ಹೊಳಪು ಅಷ್ಟೇ. ದೀಪವನ್ನೇ ನೇರವಾಗಿ ಇನ್ನೂ ದೂರಕ್ಕೆ ಕಾಣಿಸಬೇಕಾದರೆ ಗೋಪುರವನ್ನೇ ಎತ್ತರಿಸಬೇಕು.